ಗುಂಡಿ ಅತ್ತೆಯ ಬೇರೆ ತಟ್ಟೆ

ಕಾರ್ಖಾನೆಯಲ್ಲಿ ಅಂಗಿಗಳಿಗೆ ಗುಂಡಿ ಹೊಲಿಯುವುದು ಅವಳ ಕೆಲಸ. ತಮ್ಮನ ಮಗಳು ಪುಟ್ಟಿ ಕರೆಯುತ್ತಿದ್ದ 'ಗುಂಡಿ ಅತ್ತೆ' ಎಂಬ ಹೆಸರೇ ಬೀದಿಗೆಲ್ಲ ರೂಢಿಯಾಯಿತು. ಸುಮ್ಮನಿರುವ ಬಾಯಲ್ಲ ಅದು. ಮೇಸ್ತ್ರಿ ಗದರಿದರೆ, "ನಿಮ್ಮ ಬಾಯಿಗೂ ಒಂದು ಗುಂಡಿ ಹಾಕಿಬಿಡ್ಲಾ, ಪುಕ್ಕಟೆ?" ಅನ್ನುವಳು. ಮೇಸ್ತ್ರಿಯೂ ನಕ್ಕು ಮುಂದಿನ ಸಾಲಿಗೆ ಹೋಗುತ್ತಿದ್ದ.

ಗಂಡ ತೀರಿಕೊಂಡ ಮೇಲೆ ಅವಳು ತಮ್ಮನ ಮನೆ ಸೇರಿದ್ದಳು. ತಮ್ಮ ಕಾರ್ಖಾನೆಯ ವ್ಯಾನ್ ಓಡಿಸುತ್ತಿದ್ದ. ಹಿಂದಿನ ಕೋಣೆಯಲ್ಲಿ ಅವಳಿಗೂ ಪುಟ್ಟಿಗೂ ಒಂದೇ ಮಂಚ. ಕಳ್ಳರ ಭಯಕ್ಕೆ ಆ ಕೋಣೆಯ ಕಿಟಕಿಗೆ ಹಲಗೆ ಹೊಡೆದಿದ್ದರು.

ಕೆಮ್ಮು ಹತ್ತಿದಾಗ ಬಟ್ಟೆಯ ದೂಳು ಎಂದುಕೊಂಡಳು. ಸಂಜೆಯಾದರೆ ಜ್ವರ. ಮೈ ಇಳಿದು ಬಟ್ಟೆ ಜೋಲಾಡತೊಡಗಿದ ಮೇಲೆ ತಮ್ಮನ ಹೆಂಡತಿ ಬಲವಂತವಾಗಿ ಆಸ್ಪತ್ರೆಗೆ ಕರೆದೊಯ್ದಳು. ಕಫ ಪರೀಕ್ಷೆಯಲ್ಲಿ ಕ್ಷಯ ಎಂದು ಬಂತು.

"ವಾಸಿಯಾಗೋ ಕಾಯಿಲೇನೇ ಇದು. ಆದ್ರೆ ಆರು ತಿಂಗಳು ಒಂದು ಮಾತ್ರೇನೂ ತಪ್ಪಿಸಬಾರದು," ಎಂದಿದ್ದರು ಡಾಕ್ಟರಮ್ಮ.

ಅಂದಿನಿಂದಲೇ ಅವಳು ತನ್ನ ತಟ್ಟೆ, ಲೋಟ ಬೇರೆ ಮಾಡಿಕೊಂಡಳು. ತಾನೇ ಕುದಿಯುವ ನೀರು ಹೊಯ್ದು ತೊಳೆಯುವಳು. ಪುಟ್ಟಿಗೆ ಮುತ್ತು ಕೊಡುವುದನ್ನೂ ನಿಲ್ಲಿಸಿದಳು. ಮಾತ್ರೆಗಳಿಂದ ಹೊಟ್ಟೆ ತೊಳಸುತ್ತಿತ್ತು. ಆದರೂ ಒಂದೆರಡು ತಿಂಗಳಲ್ಲಿ ಕೆಮ್ಮು ಅಡಗಿತು, ಕೆನ್ನೆ ತುಂಬಿತು.

"ಅತ್ತಿಗೆ, ಮಾತ್ರೆ ತರೋಕೆ ಹೋಗಲಿಲ್ವಾ?" ಎಂದು ತಮ್ಮನ ಹೆಂಡತಿ ಕೇಳಿದಳು.

"ಹುಷಾರಾದ ಮೇಲೂ ನುಂಗೋದು ಹೊಟ್ಟೆ ತುಂಬಿದ ಮೇಲೂ ಉಂಡ ಹಾಗೆ ಕಣೇ," ಎಂದು ಮಾತು ಹಾರಿಸಿದಳು.

ಚಳಿಗಾಲಕ್ಕೆ ಕೆಮ್ಮು ಮತ್ತೆ ಬಂತು. ಹೇಳಿದರೆ ಎಲ್ಲಿ ಬೈಯುತ್ತಾರೋ ಎಂದು ಗೋಡೆಯ ಕಡೆ ತಿರುಗಿ, ಟವೆಲ್ಲಿನಲ್ಲಿ ಬಾಯಿ ಅದುಮಿಕೊಂಡು ಕೆಮ್ಮುತ್ತಿದ್ದಳು. ತಟ್ಟೆ ಮಾತ್ರ ಬೇರೆಯೇ ಇತ್ತು.

ಆಮೇಲೆ ಪುಟ್ಟಿಗೆ ತಲೆನೋವು. ಸ್ಕೂಲ್ ತಪ್ಪಿಸುವ ನೆಪ ಎಂದು ಮನೆಯವರು ಮೊದಲು ನಕ್ಕರು. ವಾಂತಿಯಾಯಿತು, ಮಗು ಮಂಕಾಯಿತು, ಒಂದು ಬೆಳಿಗ್ಗೆ ಫಿಟ್ಸ್ ಬಂದು ಕಣ್ಣು ಮೇಲೆ ಮಾಡಿತು. ಬೆನ್ನುಹುರಿಯ ನೀರು ತೆಗೆದು ನೋಡಿದರು. ಕ್ಷಯ ಮೆದುಳಿಗೆ ಏರಿತ್ತು.

ಅತ್ತೆಯ ಕೆಮ್ಮು ಕೇಳಿದ ಡಾಕ್ಟರಮ್ಮ ಅವಳ ಕಫವನ್ನೂ ಪರೀಕ್ಷೆಗೆ ಕಳಿಸಿದರು. ವರದಿ ಬಂದ ಮೇಲೆ ಅವಳನ್ನು ವರಾಂಡಕ್ಕೆ ಕರೆದರು.

"ಮಗು ನಿಮ್ಮ ಜೊತೆ ಮಲಗ್ತಿತ್ತಾ?"

"ಹೌದಮ್ಮ. ಆದ್ರೆ ನನ್ನ ಎಂಜಲು ತಾಗೋಕೆ ಬಿಟ್ಟಿಲ್ಲ. ತಟ್ಟೆ, ಲೋಟ ಎಲ್ಲ ಬೇರೆ."

"ತಟ್ಟೆಯಿಂದ ಬರೋದಲ್ಲಮ್ಮ ಇದು. ಕೆಮ್ಮಿದಾಗ ಕಣ್ಣಿಗೆ ಕಾಣದ ಹನಿಗಳು ಗಾಳೀಲಿ ತೇಲ್ತಾ ಇರುತ್ತೆ. ಮುಚ್ಚಿದ ಕೋಣೇಲಿ ಗಂಟೆಗಟ್ಟಲೆ ಇರುತ್ತೆ. ಆ ಗಾಳೀನೇ ಮಗು ಉಸಿರಾಡಿದ್ದು." ಕೈಯಲ್ಲಿದ್ದ ವರದಿ ತೋರಿಸಿದರು. "ಅರ್ಧಕ್ಕೆ ಮಾತ್ರೆ ಬಿಟ್ರಲ್ಲ, ಆಗ ಸಾಯದೆ ಉಳಿದ ರೋಗಾಣುಗಳೇ ಬೆಳೆದುಕೊಂಡಿವೆ. ಆ ಔಷಧಿಗೆ ಅವು ಈಗ ಬಗ್ಗಲ್ಲ."

"ನಾನು ಅವಳಿಗೆ ಬೆನ್ನು ಮಾಡ್ಕೊಂಡೇ ಮಲಗ್ತಿದ್ದೆನಮ್ಮ," ಎಂದಳು ಅತ್ತೆ.

ಪುಟ್ಟಿ ಉಳಿಯಲಿಲ್ಲ. ತಮ್ಮನ ಹೆಂಡತಿ ಅತ್ತಿಗೆಯನ್ನು ಬೈಯಲಿಲ್ಲ, ಮುಖ ನೋಡಲೂ ಇಲ್ಲ. ಮಗುವಿನ ಬಟ್ಟೆಗಳನ್ನು ಗಂಟು ಕಟ್ಟಿಕೊಂಡು ತವರಿಗೆ ಹೊರಟುಹೋದಳು.

ಅತ್ತೆಯನ್ನು ಊರಾಚೆಯ ಆಸ್ಪತ್ರೆಗೆ ಸೇರಿಸಿದರು. ಹೊಸ ಔಷಧಿಗೆ ಕಿವಿ ಗುಂಯ್‌ಗುಡುತ್ತದೆ, ಕಫದಿಂದ ರೋಗಾಣು ಮಾತ್ರ ಹೋಗುತ್ತಿಲ್ಲ. ನರ್ಸುಗಳು ಮಾತಿಗೆಳೆದರೂ ಅವಳು ಮಾತಾಡುವುದಿಲ್ಲ.

ವಾರಕ್ಕೊಮ್ಮೆ ತಮ್ಮ ಬರುತ್ತಾನೆ. ಒಳಗೆ ಬಿಡುವುದಿಲ್ಲ, ಅಂಗಳದಲ್ಲಿ ದೂರ ನಿಂತು ಮಾತಾಡಬೇಕು. ಮೊನ್ನೆ ಬಂದವನು ಮಾತಿನ ನಡುವೆ ಕೆಮ್ಮಿದ. ಅಂಗಿಯ ಕಾಲರಿನೊಳಗೆ ಅವನ ಕತ್ತು ಕಡ್ಡಿಯಾಗಿತ್ತು.

"ಎಷ್ಟು ದಿನದಿಂದ ಈ ಕೆಮ್ಮು?"

"ರಸ್ತೆ ದೂಳು ಅಕ್ಕ, ಏನಿಲ್ಲ."

"ಇಲ್ಲೇ ತೋರಿಸ್ಕೊಂಡು ಹೋಗೋ. ನಿಂಗೆ ಕೈ ಮುಗೀತೀನಿ."

"ನೋಡೋಣ. ಈಗ ಎರಡನೇ ಪಾಳಿಯವರನ್ನ ಕರ್ಕೊಂಡು ಹೋಗ್ಬೇಕು."

ಗೇಟಿನ ಹೊರಗೆ ವ್ಯಾನ್ ನಿಂತಿತ್ತು. ಜನ ಆಗಲೇ ತುಂಬಿದ್ದರು. ದೂಳು ಬರುತ್ತದೆಂದು ಗಾಜುಗಳನ್ನೆಲ್ಲ ಏರಿಸಿಕೊಂಡಿದ್ದರು. ತಮ್ಮ ಹತ್ತಿ ಬಾಗಿಲು ಎಳೆದುಕೊಂಡ. "ಗಾಜು ಇಳಿಸೋ!" ಎಂದು ಅವಳು ಕೂಗಿದಳು, ಎದೆಯಲ್ಲಿ ಉಸಿರಿರಲಿಲ್ಲ, ದನಿ ಅಂಗಳ ದಾಟಲಿಲ್ಲ.