ಜಿನ್ನಿನ ಮ್ಯಾನೇಜರ್ ಮುರಿಗೆಪ್ಪ

ಯಾರಿಗಾದರೂ ಪೆಟ್ಟಾಯಿತೆಂದು ಸುದ್ದಿ ಬಂದರೆ ಮ್ಯಾನೇಜರ್ ಮುರಿಗೆಪ್ಪನವರು ಮೊದಲು ಕೇಳುತ್ತಿದ್ದ ಪ್ರಶ್ನೆ, "ಅವನ ಕಣ್ಣು ಎಲ್ಲಿತ್ತು?" ಗಾಯ ಎಲ್ಲಿ, ರಕ್ತ ನಿಂತಿತೇ, ಆಸ್ಪತ್ರೆಗೆ ಯಾರು ಕರೆದೊಯ್ದರು ಎಂಬುದೆಲ್ಲ ಆಮೇಲೆ, ಎಷ್ಟೋ ಸಲ ಆಮೇಲೂ ಇಲ್ಲ. ಒಂದು ಚಿಟಿಕೆ ನಶ್ಯ ಏರಿಸಿ, ಮೂಗು ಒರೆಸಿಕೊಂಡು, "ನೋಡ್ಕಂಡು ಕೆಲಸ ಮಾಡಾಕೆ ಏನು ಧಾಡಿ ಇವಕ್ಕೆ" ಎಂದು ಮತ್ತೆ ಕಾಗದಕ್ಕೆ ತಲೆ ತಗ್ಗಿಸುತ್ತಿದ್ದರು.

ಐವತ್ತರ ದಶಕದ ಕೊನೆಯಲ್ಲಿ ನಾನು ದಾವಣಗೆರೆಯ ಒಂದು ಹತ್ತಿ ಜಿನ್ನಿಗೆ ಗುಮಾಸ್ತನಾಗಿ ಸೇರಿದೆ. ಜಿನ್ನಿನ ಸಾಹುಕಾರರು ಮಂಡಿಪೇಟೆಯವರು. ಹತ್ತಿಯಿಂದ ಬೀಜ ಬೇರ್ಪಡಿಸುವ ಯಂತ್ರಗಳು ಎರಡು ಸಾಲಾಗಿ ನಿಂತಿದ್ದವು, ಪ್ರತಿಯೊಂದೂ ಅಗಲವಾದ ಬೆಲ್ಟಿನಿಂದ ಓಡುತ್ತಿತ್ತು. ಮುರಿಗೆಪ್ಪನವರು ದಿನಕ್ಕೆರಡು ಸಲ ಸುತ್ತು ಬರುತ್ತಿದ್ದರು. ಇಸ್ತ್ರಿ ಮಾಡಿದ ಕಚ್ಚೆಪಂಚೆಯ ಚುಂಗನ್ನು ಕೈಯಲ್ಲಿ ಹಿಡಿದು ಗೋಡೆಗೆ ಒತ್ತಿಕೊಂಡೇ ನಡೆಯುವರು. ಬೆಲ್ಟಿನ ಹತ್ತಿರ ಅವರು ಒಮ್ಮೆಯೂ ಸುಳಿದದ್ದನ್ನು ನಾನು ಕಾಣಲಿಲ್ಲ. ಅಪಾಯ ಎಲ್ಲಿದೆ ಎಂಬುದು ಅವರಿಗೆ ನಮ್ಮೆಲ್ಲರಿಗಿಂತ ಚೆನ್ನಾಗಿ ಗೊತ್ತಿತ್ತು. ಸಾಹುಕಾರರ ಮುಂದೆ ಮಾತ್ರ ಅವರ ನಡಿಗೆಯೂ ಬೇರೆ, ದನಿಯೂ ಬೇರೆ. ಸಾಹುಕಾರರು ಸೀನಿದರೆ ಇವರು ಎದ್ದು ಕಿಟಕಿ ಮುಚ್ಚುವರು. ಇಂಥವರಿಗೆ ನಾನು ಇನ್ನೂ ಬಹುವಚನ ಹಚ್ಚುತ್ತಿರುವುದು ಆರು ವರ್ಷ ಅವರ ಕೈಕೆಳಗೆ ದುಡಿದ ಅಭ್ಯಾಸದಿಂದ. ಗೌರವವೆಂದು ಯಾರೂ ತಿಳಿಯಬಾರದು.

ಬೆಲ್ಟುಗಳ ಮೇಲೆ ತಗಡಿನ ಮುಚ್ಚಳಗಳಿದ್ದವು. ಬೆಲ್ಟು ಜಾರಿದಾಗಲೆಲ್ಲ ಅವನ್ನು ಬಿಚ್ಚಿ ಮತ್ತೆ ಬಿಗಿಯಬೇಕು. ಒಂದು ವರ್ಷ ಹತ್ತಿ ಗಾಡಿಗಳು ರಸ್ತೆಯವರೆಗೆ ಸಾಲುಗಟ್ಟಿದಾಗ, ಹೊತ್ತು ಹಾಳಾಗುತ್ತದೆಂದು ಮುರಿಗೆಪ್ಪನವರು ಚೀಟಿಗೆ ಸಹಿ ಮಾಡಿ ನನ್ನ ಕೈಗೆ ಕೊಟ್ಟು, ಎಲ್ಲ ಮುಚ್ಚಳಗಳನ್ನು ತೆಗೆಸಿ ಗೋದಾಮಿಗೆ ಹಾಕಿಸಿದರು. ಫಿಟ್ಟರ್ ಹುಸೇನ್ ಸಾಬರು ಎರಡು ಸಲ ಬಂದು, ಅವನ್ನು ಮತ್ತೆ ಹಾಕಿಸಿರೆಂದು ಕೇಳಿಕೊಂಡರು. "ನಿನಗೆ ಹೆದ್ರಿಕಿ ಆದ್ರೆ ಮನಿಗೆ ಹೋಗು" ಎಂಬ ಉತ್ತರ ಬಂತು.

ಹಾಲವ್ವ ನಿಟ್ಟುವಳ್ಳಿಯವಳು. ಗಂಡ ಸತ್ತ ಮೇಲೆ ಎರಡು ಹೆಣ್ಣುಮಕ್ಕಳನ್ನು ಸಾಕಲು ನಮ್ಮಲ್ಲಿ ಯಂತ್ರಕ್ಕೆ ಹತ್ತಿ ಉಣಿಸುವ ಕೆಲಸಕ್ಕೆ ಬರುತ್ತಿದ್ದಳು. ಒಂದು ಮಧ್ಯಾಹ್ನ, ಕೆಳಗೆ ಬಿದ್ದ ಹತ್ತಿ ಬಾಚಲು ಬಗ್ಗಿದಾಗ ಅವಳ ಸೆರಗು ಬೆಲ್ಟಿಗೆ ಸಿಕ್ಕಿತು. ಬಿಡಿಸಿಕೊಳ್ಳಲು ಹೋದ ಬಲಗೈಯನ್ನೂ ಅದು ಎಳೆದುಕೊಂಡಿತು. ಹುಸೇನ್ ಸಾಬರು ಓಡಿಹೋಗಿ ಎಂಜಿನ್ ನಿಲ್ಲಿಸುವ ಹೊತ್ತಿಗೆ ಮೊಣಕೈಯಿಂದ ಕೆಳಗೆ ಉಳಿದದ್ದನ್ನು ಕೈ ಎನ್ನುವಂತಿರಲಿಲ್ಲ.

ಜಟಕಾದಲ್ಲಿ ಅವಳನ್ನು ಆಸ್ಪತ್ರೆಗೆ ಸಾಗಿಸಿ ನಾವು ತಿರುಗುವಷ್ಟರಲ್ಲಿ ಮುರಿಗೆಪ್ಪನವರು ಗೋದಾಮಿನ ಬೀಗ ತೆಗೆಸಿದ್ದರು. ಸಂಜೆಯೊಳಗೆ ಎಲ್ಲ ಬೆಲ್ಟಿಗೂ ಮುಚ್ಚಳ ಬಂತು. ಹಾಲವ್ವನ ಯಂತ್ರದ್ದನ್ನು ಮಾತ್ರ ಬಿಗಿಸದೆ, ಅವಳೇ ಬಿಚ್ಚಿಟ್ಟಳೋ ಎಂಬಂತೆ, ಪಕ್ಕದಲ್ಲಿ ನೆಲದ ಮೇಲೆ ಇಡಿಸಿದರು. ಎಷ್ಟು ದೂರದಲ್ಲಿಡಬೇಕೆಂದು ತಾವೇ ನಿಂತು ತೋರಿಸಿದರು.

ಮರುದಿನ ನನ್ನನ್ನು ಕರೆದು ಹಾಲವ್ವನ ಹೆಸರಿನಲ್ಲಿ ಹೇಳಿಕೆ ಬರೆಸಿದರು. ಕೂಲಿಯವಳು ಅಜಾಗ್ರತೆಯಿಂದಿದ್ದಳು ಎಂದರೆ ಸಾಲದು, ಆಗಲೂ ಪರಿಹಾರ ಕೊಡಲೇಬೇಕಾಗುತ್ತದೆ. ರಕ್ಷಣೆಗೆಂದು ಹಾಕಿದ ಮುಚ್ಚಳವನ್ನು ಬೇಕೆಂದೇ ಅವಳೇ ತೆಗೆದಳೆಂದಾದರೆ ಮಾತ್ರ ಕಾನೂನು ನಮ್ಮ ಕಡೆ ಎಂದು ವಕೀಲರು ಅವರಿಗೆ ತಿಳಿಸಿದ್ದರಂತೆ. ಹಾಗೆಯೇ ಬರೆದೆ. ನನ್ನ ಅಕ್ಷರ ಎಂದಿನಂತೆ ದುಂಡಗೇ ಬಂತು.

ಮೂರನೆಯ ದಿನ ಆ ಕಾಗದ ಮತ್ತು ಶಾಯಿಯ ಪ್ಯಾಡ್ ಹಿಡಿದು ಇಬ್ಬರೂ ಆಸ್ಪತ್ರೆಗೆ ಹೋದೆವು. ಹಾಲವ್ವನ ಬಲಗೈಯನ್ನು ಮೊಣಕೈಗೆ ಕತ್ತರಿಸಿ ಬ್ಯಾಂಡೇಜ್ ಸುತ್ತಿದ್ದರು. ಅವಳು ಮುರಿಗೆಪ್ಪನವರನ್ನು ಬಿಟ್ಟು ನನ್ನತ್ತ ತಿರುಗಿದಳು.

"ಏನ್ ಬರ್ದೈತ್ರಿ ಅಣ್ಣಾ, ಒಂದೀಟು ಓದಿ ಹೇಳ್ರಿ."

ನಾನು ಕಾಗದ ಬಿಡಿಸುವ ಮುಂಚೆ ಮುರಿಗೆಪ್ಪನವರೇ ಹೇಳಿದರು: "ಆಸ್ಪತ್ರಿ ಖರ್ಚು ಕಂಪನಿ ನೋಡ್ಕಂತೈತೆ ಅಂತ ಬರ್ದೈತೆ. ಒತ್ತವ್ವ."

ಅವಳ ಎಡಗೈ ಹೆಬ್ಬೆರಳನ್ನು ತಾವೇ ಹಿಡಿದು ಒತ್ತಿಸಿದರು. ತಮ್ಮ ಬೆರಳಿಗೆ ತಾಗಿದ ಶಾಯಿಯನ್ನು ಅವಳು ಮಲಗಿದ್ದ ಚಾದರಕ್ಕೇ ಒರೆಸಿದರು. ಹಾಲವ್ವ ಆಗಲೂ ನನ್ನ ಮುಖವನ್ನೇ ನೋಡುತ್ತಿದ್ದಳು. ನಾನು ಬಾಯಿ ಬಿಡಲಿಲ್ಲ.

ಬಾಯಿ ಬಿಟ್ಟವರು ಹುಸೇನ್ ಸಾಬರು. ಕೆಲಸ ಹೋದೀತೆಂದು ಹೆದರದೆ, ಹಾಲವ್ವನ ಪರವಾಗಿ ಪರಿಹಾರದ ಅರ್ಜಿ ಹಾಕಿಸಿದರು. ವಿಚಾರಣೆಯ ದಿನ ಅವಳು, ಆ ಕಾಗದವನ್ನು ತನಗೆ ಯಾರೂ ಓದಿ ಹೇಳಲಿಲ್ಲ ಎಂದಳು. ಹಾಗಾದರೆ ಇದನ್ನು ಬರೆಸಿದವರು ಯಾರು ಎಂದು ಅಧಿಕಾರಿಗಳು ಮುರಿಗೆಪ್ಪನವರನ್ನು ಕೇಳಿದರು. ಅವರು ತಡವರಿಸಲೂ ಇಲ್ಲ.

"ನನಗೆ ಗೊತ್ತಿಲ್ಲ ಸ್ವಾಮಿ. ಈ ಗುಮಾಸ್ತನೇ ವಿಚಾರಿಸ್ಕಂಡು ಬರ್ಕಂಡ್ ಬಂದ. ನಾನು ನಂಬಿದೆ" ಎಂದು ನನ್ನತ್ತ ಕೈ ತೋರಿಸಿದರು. ದಾರಿ ತಪ್ಪಿದ ತಮ್ಮನನ್ನು ನೋಡುವಂತೆ ಮರುಕದಿಂದ ನೋಡಿದರು ಕೂಡ.

ಮುಚ್ಚಳಗಳನ್ನು ಗೋದಾಮಿಗೆ ಹಾಕಿ ಎಂದು ಅವರೇ ಸಹಿ ಮಾಡಿದ ಚೀಟಿ ಬೆಳಗಿನಿಂದ ನನ್ನ ಜೇಬಿನಲ್ಲೇ ಇತ್ತು. ಅದನ್ನು ತೆಗೆಯುವ ಧೈರ್ಯ ನನಗೆ ಬಂದದ್ದು ಆಗ. ಚೀಟಿ ಕೊಟ್ಟು, ಕಂಡದ್ದನ್ನೂ ಬರೆದದ್ದನ್ನೂ ಒಪ್ಪಿಸಿಬಿಟ್ಟೆ.

ತೀರ್ಪು ಹಾಲವ್ವನ ಕಡೆ ಆಯಿತು. ನನ್ನ ಕೆಲಸವೂ ಹುಸೇನ್ ಸಾಬರ ಕೆಲಸವೂ ಹೋದವು. ಮುರಿಗೆಪ್ಪನವರು ಮಾತ್ರ ಅದೇ ಕುರ್ಚಿಯಲ್ಲಿ ಉಳಿದರು. ಇಂಥ ಮನುಷ್ಯನನ್ನು ಯಾವ ಸಾಹುಕಾರ ತಾನೇ ಕಳೆದುಕೊಂಡಾನು?

ಕ್ಷಮೆ ಕೇಳೋಣವೆಂದು ನಿಟ್ಟುವಳ್ಳಿಗೆ ಹೋದೆ. ಹಾಲವ್ವ ಒಂದೇ ಕೈಯಲ್ಲಿ ರೊಟ್ಟಿ ಬಡಿಯುತ್ತಿದ್ದಳು. ಕೂಡ್ರಿ ಎಂದು ಚಾಪೆ ತೋರಿಸಿದಳು, ಮಗಳ ಕೈಯಲ್ಲಿ ನೀರು ಕೊಡಿಸಿದಳು. ನಾನು ಹೇಳುವುದನ್ನೆಲ್ಲ ಕೇಳಿಸಿಕೊಂಡ ಮೇಲೆ ಒಂದೇ ಮಾತು ಕೇಳಿದಳು.

"ಅವ್ರು ನಿಮ್ ತಲಿಗೆ ಕಟ್ಟಿಲ್ದಿದ್ರೆ ನೀವು ಹೇಳ್ತಿದ್ರೇನ್ರಿ?"

ನೀರು ಕುಡಿದು ಎದ್ದು ಬಂದೆ.

ಆಮೇಲೆ ಹರಿಹರದ ಒಂದು ಅಕ್ಕಿ ಗಿರಣಿಯಲ್ಲಿ ನನಗೆ ಕೆಲಸ ಸಿಕ್ಕಿತು. ಮೂರು ನಾಲ್ಕು ವರ್ಷ ಕಳೆದಿರಬೇಕು. ದಾವಣಗೆರೆಯಿಂದ ಹರಿಹರಕ್ಕೆ ಹೊರಟ ಬಸ್ಸಿನಲ್ಲಿ ಮುರಿಗೆಪ್ಪನವರು ಬಂದು ನನ್ನ ಪಕ್ಕದಲ್ಲೇ ಕೂತರು. ಏನೂ ಆಗಿಲ್ಲವೆಂಬಂತೆ ನನ್ನ ತೊಡೆ ತಟ್ಟಿ, ಮಕ್ಕಳೆಷ್ಟು ಎಂದು ಕೇಳಿದರು. ಮುಂದಿನ ಸೀಟಿನವರು ಭಾನುವಳ್ಳಿಯ ರೈತರು, ಯಾವುದೋ ಗಿರಣಿಯಲ್ಲಿ ಒಬ್ಬನ ಕಾಲು ಹೋದ ಸುದ್ದಿ ಮಾತಾಡುತ್ತಿದ್ದರು. ಮುರಿಗೆಪ್ಪನವರು ನಡುವೆ ಬಾಯಿ ಹಾಕಿದರು.

"ನಮ್ ಜಿನ್ನಾಗೂ ಒಬ್ಬಾಕಿ ಕೈ ಹೋಗಿತ್ರಿ. ಸಾಹುಕಾರ್ರ ಸಂಗಡ ಜಗಳ ಆಡಿ ಪರಿಹಾರ ಕೊಡಿಸ್ದೆ. ಬ್ಯಾಕಾದ್ರೆ ಇವನ್ನೇ ಕೇಳ್ರಿ, ಅಲ್ಲೇ ಇದ್ದ."

ರೈತರು ನನ್ನ ಕಡೆ ತಿರುಗಿದರು. ಅಲ್ಲಿ ಅಧಿಕಾರಿ ಇರಲಿಲ್ಲ, ಆಣೆ ಇರಲಿಲ್ಲ. ಹೂಂ ಎಂದು ತಲೆಯಾಡಿಸಿದ್ದರೆ ಯಾರಿಗೂ ಏನೂ ನಷ್ಟವಿರಲಿಲ್ಲ.

"ಇಲ್ರಿ" ಎಂದೆ. "ಆಕಿ ಕೈ ಹೋಗಿದ್ದೇ ಇವರಿಂದ. ತಪ್ಪು ಆಕೀದು ಅಂತ ಸುಳ್ಳು ಬರ್ಸಿದ್ರು. ಬರ್ದೋನು ನಾನು."

ಮುರಿಗೆಪ್ಪನವರು ಕಿಟಕಿಯಾಚೆ ನೋಡತೊಡಗಿದರು. ಹರಿಹರಕ್ಕೆ ಟಿಕೆಟ್ ತೆಗೆದಿದ್ದರೂ ನಡುದಾರಿಯಲ್ಲೇ ಬಸ್ಸು ನಿಲ್ಲಿಸಿ ಇಳಿದುಹೋದರು.

ಎರಡು ವರ್ಷದ ನಂತರ ಅವರು ತೀರಿಕೊಂಡ ಸುದ್ದಿಯನ್ನು ಹುಸೇನ್ ಸಾಬರು ಗಿರಣಿಗೆ ಬಂದು ತಿಳಿಸಿದರು. ಮಣ್ಣಿಗೆ ಹೋಗುತ್ತೀರಾ ಎಂದು ಕೇಳಿದರು. ಆ ದಿನ ನನಗೆ ಗಿರಣಿಯಲ್ಲಿ ಕೆಲಸವಿತ್ತು. ಇಲ್ಲದಿದ್ದರೂ ಹೋಗುತ್ತಿರಲಿಲ್ಲ.