ದೋನ್ಕಾ ಕೂಡಿಸಿದ ಆಟ

ಶುಕ್ರವಾರ ಬೆಳಿಗ್ಗೆ ದೋನ್ಕಾ ಚರ್ಚಿನಲ್ಲಿ ಮೂರು ಮೇಣದಬತ್ತಿ ಹಚ್ಚಿದಳು. ಬದುಕಿರುವವರಿಗೆಂದು ಮೇಲೊಂದು, ಸತ್ತವರಿಗೆಂದು ಕೆಳಗೊಂದು ಹಚ್ಚುವುದು ದಿನದ ರೂಢಿ. ಮೂರನೆಯದು ಆಫೀಸಿನ ಹೆಸರಿನಲ್ಲಿ. ಕಂಪ್ಯೂಟರಿನ ಆಟ ನಡೆಸುವವರಿಗಾಗಿ ಬತ್ತಿ ಹಚ್ಚಿದೆ ಎಂದರೆ ನಗುತ್ತಾರೆಂದು ಅವಳು ಯಾರಿಗೂ ಹೇಳಲಿಲ್ಲ.

ವ್ರಾತ್ಸಾ ಊರಿನ ಹಳೆಯ ಬಟ್ಟೆ ಗಿರಣಿಯ ಎರಡನೆಯ ಮಹಡಿಯಲ್ಲಿ ಆ ಆಫೀಸು. ಹದಿಮೂರು ಜನ. ಅವರು ನಡೆಸುವುದು ದೋಣಿಯಾಟ. ಬೇರೆ ಬೇರೆ ಊರಿನ ಎಂಟು ಜನ ತಮ್ಮ ತಮ್ಮ ಮನೆಯಲ್ಲಿ ಕುಳಿತು ಪರದೆಯ ಮೇಲಿನ ಒಂದೇ ನದಿಯಲ್ಲಿ ದೋಣಿ ನಡೆಸುತ್ತ ಗುಂಡು ಹಾರಿಸುತ್ತಾರೆ, ನಾಲ್ವರ ವಿರುದ್ಧ ನಾಲ್ವರು. ಸಮಬಲದ ಎಂಟು ಜನರನ್ನು ಹುಡುಕಿ ಒಂದು ಆಟಕ್ಕೆ ಕೂರಿಸುವುದು ಯಂತ್ರದ ಕೆಲಸ. ಹೆಚ್ಚೆಂದರೆ ಒಂದು ನಿಮಿಷ ಬೇಕು. ಆದರೆ ಮಂಗಳವಾರ ಮಧ್ಯಾಹ್ನದಿಂದ ಯಂತ್ರ ಹೆಚ್ಚಿನವರನ್ನು ಕೂರಿಸುತ್ತಲೇ ಇರಲಿಲ್ಲ. 'ಎದುರಾಳಿಗಳನ್ನು ಹುಡುಕುತ್ತಿದ್ದೇವೆ' ಎಂಬ ಸಾಲಿನ ಕೆಳಗೆ ಚಕ್ರವೊಂದು ಅರ್ಧ ಗಂಟೆ, ಮುಕ್ಕಾಲು ಗಂಟೆ ಸುತ್ತುತ್ತಲೇ ಇರುತ್ತಿತ್ತು.

ಬುಧವಾರ ಪಾಲುದಾರ ಕಂಪನಿಯಿಂದ ಪತ್ರ ಬಂತು. ಅದು ದೂರದ ದೊಡ್ಡ ಊರಿನ ಕಂಪನಿ, ಆಟದ ಮುಕ್ಕಾಲು ಪಾಲು ಅದರದ್ದೇ. ಶುಕ್ರವಾರ ಸಂಜೆ ಐದರೊಳಗೆ ಕಾಯುವ ಸಮಯ ಎರಡು ನಿಮಿಷಕ್ಕಿಂತ ಕೆಳಗೆ ಇಳಿಯದಿದ್ದರೆ ವ್ರಾತ್ಸಾದ ಯಂತ್ರಗಳನ್ನು ನಿಲ್ಲಿಸಿ ಆಟಗಾರರನ್ನು ತಮ್ಮ ಕಡೆಗೆ ಎಳೆದುಕೊಳ್ಳುತ್ತೇವೆ ಎಂದು ಅದರಲ್ಲಿ ಬರೆದಿತ್ತು. ಹದಿಮೂರು ಜನರ ಬಗ್ಗೆ ಏನೂ ಬರೆದಿರಲಿಲ್ಲ. ಬರೆಯುವ ಅಗತ್ಯವೂ ಇರಲಿಲ್ಲ.

ಯಂತ್ರದಿಂದಾಗಿ ಕೆಲಸ ಕಳೆದುಕೊಂಡ ಅನುಭವ ದೋನ್ಕಾಳಿಗೆ ಒಮ್ಮೆ ಆಗಿತ್ತು. ಹದಿನೆಂಟನೆಯ ವಯಸ್ಸಿನಿಂದ ಹದಿನೆಂಟು ವರ್ಷ ಅಂಚೆ ಕಚೇರಿಯ ಟೆಲಿಫೋನ್ ಎಕ್ಸ್‌ಚೇಂಜಿನಲ್ಲಿ ಕುಳಿತು, ಹಲಗೆಯ ತೂತುಗಳಿಗೆ ತಂತಿ ಚುಚ್ಚಿ ಊರಿಗೆ ಊರು ಮಾತನಾಡಿಸಿದ್ದಳು. ಆಮೇಲೆ ತಾನೇ ಕೂಡಿಸುವ ಯಂತ್ರ ಬಂತು. ಹುಡುಗಿಯರಿಗೆಲ್ಲ ಒಂದೊಂದು ಹೂಗುಚ್ಛ ಕೊಟ್ಟು ಮನೆಗೆ ಕಳಿಸಿದರು. ಬೇಕರಿಯಲ್ಲಿ ರೊಟ್ಟಿ ಮಾರಿ, ಹಾಸಿಗೆ ಹಿಡಿದ ಮುದುಕಿಯರ ಆರೈಕೆ ಮಾಡಿ ಅವಳು ಬದುಕು ಸಾಗಿಸಿದಳು. ಈ ಕಂಪನಿ ನಡೆಸುವ ರುಮೆನ್ ಆರು ವರ್ಷದ ಹಿಂದೆ, ಆಟಗಾರರ ದೂರು ಕೇಳಲು ಜನ ಬೇಕು ಎಂದು ಅವಳನ್ನು ಕರೆದ. ಅವಳಿಗೆ ಆಟ ಗೊತ್ತಿರಲಿಲ್ಲ, ಈಗಲೂ ಗೊತ್ತಿಲ್ಲ. ಕೇಳುವುದು ಗೊತ್ತಿತ್ತು.

ಅವಳು ಒಳಗೆ ಬಂದಾಗ ಫೋನು ಬಡಿದುಕೊಳ್ಳುತ್ತಿತ್ತು. ಎಂಜಿನಿಯರ್ ಯಾಸೆನ್ ಪರದೆಯ ಮುಂದೆ ಕೂತಲ್ಲೇ ಇದ್ದ. ಗಡ್ಡ ಬೆಳೆದಿತ್ತು. ಆಟದ ಹೊಸ ಆವೃತ್ತಿಯನ್ನು ಮಂಗಳವಾರ ಬೆಳಿಗ್ಗೆ ಹಾಕಿದವನು ಅವನೇ, ಹಾಗಾಗಿ ಎಲ್ಲರ ಕಣ್ಣು ಅವನ ಮೇಲೆ. ಬುಧವಾರ ಅದನ್ನು ತೆಗೆದು ಹಳೆಯದನ್ನೇ ಹಾಕಿದ್ದ. ಚಕ್ರ ಸುತ್ತುತ್ತಲೇ ಇತ್ತು. ಗುರುವಾರ ಕೇಬಲ್‌ನವರು ಬಂದು ಲೈನು ಸರಿಯಾಗಿದೆ ಎಂದು ಸಹಿ ಹಾಕಿ ಹೋಗಿದ್ದರು. ವಿಚಿತ್ರವೆಂದರೆ ಗಡಿಯ ಡ್ಯಾನ್ಯೂಬ್ ನದಿಯ ಆಚೆ ದಡದ ರೊಮೇನಿಯಾದವರಿಂದ ಒಂದೂ ದೂರಿರಲಿಲ್ಲ. ಯಂತ್ರ ಅದೇ, ಸರತಿ ಅದೇ. ತೊಂದರೆ ಈಚೆ ದಡದವರಿಗೆ ಮಾತ್ರ.

"ಚಿಕ್ಕಮ್ಮ, ಯಾರು ಫೋನ್ ಮಾಡಿದ್ರೂ ರೂಟರ್ ಆಫ್ ಮಾಡಿ ಆನ್ ಮಾಡಿ ಅನ್ನಿ, ಸಾಕು," ಎಂದ ಯಾಸೆನ್, ತಿರುಗಿ ನೋಡದೆ.

"ಮೂರು ದಿನದಿಂದ ಅದನ್ನೇ ಹೇಳ್ತಿದೀನಿ ಕಣಪ್ಪ. ಈಗ ಅವ್ರು ನನ್ನನ್ನೇ ಒಂದ್ಸಲ ಆಫ್ ಆಗಿ ಆನ್ ಆಗಿ ಅಂತಿದಾರೆ."

ಅವನು ನಗಲಿಲ್ಲ. ಅವನ ಕಾಲ ಬಳಿ ರಟ್ಟಿನ ಪೆಟ್ಟಿಗೆಯೊಂದಿತ್ತು. ಅದರಲ್ಲಿ ಅವನ ಕಾಫಿ ಲೋಟ, ಕುಂಡದಲ್ಲಿದ್ದ ಸಣ್ಣ ಗಿಡ, ಮದುವೆಯ ಫೋಟೋ. ದೋನ್ಕಾ ನೋಡಿಯೂ ನೋಡದವಳಂತೆ ಹೆಡ್‌ಫೋನು ಹಾಕಿಕೊಂಡಳು.

ಅವಳದೊಂದು ಪದ್ಧತಿ ಇತ್ತು. ದೂರು ಕೇಳಿದ ಮೇಲೆ, ಕೊನೆಯ ಸಲ ಎಲ್ಲ ಸರಿಯಾಗಿದ್ದದ್ದು ಯಾವಾಗ, ಅಲ್ಲಿಂದ ಹೇಳಿ ಎನ್ನುತ್ತಿದ್ದಳು. ಎಲ್ಲಿ ಕೂತಿದ್ದಿರಿ, ಏನು ತಿನ್ನುತ್ತಿದ್ದಿರಿ, ಬಾಗಿಲು ಯಾರು ತಟ್ಟಿದರು. ರುಮೆನ್ ಇದನ್ನು ಪಾದ್ರಿಗಿರಿ ಎನ್ನುತ್ತಿದ್ದ. ಈ ಮೂರು ದಿನ ಕರೆಗಳ ಕಾಟದಲ್ಲಿ ಹಾಗೆ ಕೇಳಲು ಅವಳಿಗೆ ಪುರುಸೊತ್ತೇ ಸಿಕ್ಕಿರಲಿಲ್ಲ.

ಎರಡೂ ಇಪ್ಪತ್ತಕ್ಕೆ ಮೆಜ್ದ್ರಾದಿಂದ ಸ್ತಾಮೆನ್ ಫೋನು ಮಾಡಿದ. ನಿವೃತ್ತ ರೈಲು ಚಾಲಕ. ವಾರಕ್ಕೆರಡು ಸಲವಾದರೂ ಬೈಯದಿದ್ದರೆ ಅವನಿಗೆ ಊಟ ಸೇರುತ್ತಿರಲಿಲ್ಲ.

"ದೋನ್ಕಾ, ನಿಮ್ಮ ಚಕ್ರ ಐವತ್ತು ನಿಮಿಷದಿಂದ ತಿರುಗ್ತಾ ಇದೆ. ಅಷ್ಟರಲ್ಲಿ ನಾನು ಹುರುಳಿಕಾಯಿ ಬೇಯಿಸಿ, ತಿಂದು, ಪಾತ್ರೆನೂ ತೊಳೆದಾಯ್ತು."

"ಉಪ್ಪು ಸರಿಯಾಗಿತ್ತಾ?"

"ಉಪ್ಪಿನ ಮಾತು ಬಿಡಿ. ಇನ್ನೊಂದ್ಸಲ ರೂಟರ್ ಅಂದ್ರೆ ಅದನ್ನ ಕಿತ್ತು ತಂದು ನಿಮ್ಮ ಮೇಜಿನ ಮೇಲಿಡ್ತೀನಿ."

"ಅನ್ನಲ್ಲ ಸ್ತಾಮೆನಣ್ಣ. ಕೊನೇ ಸಲ ಆಟ ಸಿಕ್ಕಿದ್ದು ಯಾವಾಗ? ಅಲ್ಲಿಂದ ಹೇಳಿ."

"ಮಂಗಳವಾರ. ಗೆಲ್ತಾ ಇದ್ವಿ. ಆಟಾನೇ ರದ್ದಾಯ್ತು."

"ಯಾಕೆ?"

"ಅದನ್ನ ನಿಮ್ಮನ್ನ ಕೇಳ್ಬೇಕು. ನಾನು ಎದ್ದು ನಿಂತಿದ್ದೆ. ಕೂತ್ಕೊಳ್ಳೋದ್ರಲ್ಲಿ ಪರದೆ ಖಾಲಿ."

ಅವಳು ಮುಂದಿನ ಪ್ರಶ್ನೆಗೆ ಹೋಗಬಹುದಿತ್ತು. ಹೋಗಲಿಲ್ಲ. "ಎದ್ದು ನಿಂತಿದ್ದು ಯಾಕೆ?"

"ಇದೇನು ಪ್ರಶ್ನೆ ದೋನ್ಕಾ? ಸೈರನ್ ಕೂಗ್ತಲ್ಲ. ನೀವೇನು ಕೂತಿದ್ರಾ?"

ದೋನ್ಕಾ ಕೂತಿರಲಿಲ್ಲ. ಮಂಗಳವಾರ ಜೂನ್ ಎರಡು. ಪ್ರತಿ ವರ್ಷ ಆ ದಿನ ಮಧ್ಯಾಹ್ನ ಹನ್ನೆರಡಕ್ಕೆ, ನಾಡಿನ ಬಿಡುಗಡೆಗಾಗಿ ಸತ್ತವರ ನೆನಪಿಗೆ ದೇಶದ ಸೈರನ್‌ಗಳೆಲ್ಲ ಒಟ್ಟಿಗೆ ಕೂಗುತ್ತವೆ. ಬಸ್ಸು ರಸ್ತೆ ನಡುವೆ ನಿಲ್ಲುತ್ತದೆ. ತಕ್ಕಡಿ ಹಿಡಿದವನು ತಕ್ಕಡಿ ಹಿಡಿದೇ ನಿಲ್ಲುತ್ತಾನೆ. ಕೂಗು ಮುಗಿಯುವವರೆಗೆ ಯಾರೂ ಅಲುಗುವುದಿಲ್ಲ. ಅವಳು ಗಿರಣಿಯ ಅಂಗಳದಲ್ಲಿ, ಕುತ್ತಿಗೆಯಲ್ಲಿ ಹೆಡ್‌ಫೋನು ಜೋತಾಡಿಸಿಕೊಂಡೇ, ಸತ್ತವರಿಗಾಗಿ ಮನಸ್ಸಿನಲ್ಲಿ ಪ್ರಾರ್ಥನೆ ಹೇಳಿಕೊಂಡು ನಿಂತಿದ್ದಳು.

"ಉಳಿದ ದೋಣಿಗಳು?" ಎಂದು ಕೇಳಿದಳು.

"ಪರದೆ ಕಡೆ ಮುಖ ಮಾಡ್ಕೊಂಡೇ ನಿಂತಿದ್ದೆನಲ್ಲ, ನೋಡ್ದೆ. ಎಲ್ಲಾ ನೀರಲ್ಲಿ ಹಾಗೇ ನಿಂತ್ವು. ನಮ್ಮೋರ್ದೂ, ಅವರ್ದೂ. ಒಂದು ಗುಂಡು ಹಾರ್ಲಿಲ್ಲ. ಆ ರೊಮೇನಿಯಾದೋನು ಒಬ್ಬ ಮಾತ್ರ, ಏನಾಯ್ತಪ್ಪಾ ಇವ್ರಿಗೆ ಅಂತ, ಸುತ್ತು ಹೊಡೀತಿದ್ದ."

"ಅವನಿಗೀಗ ಆಟ ಸಿಗ್ತಿದೆಯಾ?"

"ದಿನಾ ಸಿಗ್ತಿದೆ. ಬೆಳಿಗ್ಗೆ ತಾನೇ ನನಗೊಂದು ಹಲ್ಲು ಕಿರಿಯೋ ಚಿತ್ರ ಕಳ್ಸಿದಾನೆ."

"ಸ್ತಾಮೆನಣ್ಣ, ಫೋನ್ ಇಡ್ಬೇಡಿ. ನಾನು ಬರೋವರೆಗೂ ಇಡ್ಬೇಡಿ."

ಅವಳು ಯಾಸೆನನ ಕುರ್ಚಿಯ ಹಿಂದೆ ಬಂದು ನಿಂತಳು.

"ಯಾಸೆನ್, ಮಂಗಳವಾರ ಹನ್ನೆರಡಕ್ಕೆ ನೀನೆಲ್ಲಿದ್ದೆ?"

"ಪೊಲೀಸ್ ಥರ ಕೇಳ್ತೀರಲ್ಲ. ಕೆಳಗೆ, ನಿಮ್ಮ ಪಕ್ಕದಲ್ಲೇ."

"ಈ ಪರದೆ ಮುಂದೆ?"

"ಯಾರೂ ಇರ್ಲಿಲ್ಲ."

"ಆಟ ಆಡೋರ ಪರದೆ ಮುಂದೂ ಯಾರೂ ಕೂತಿರ್ಲಿಲ್ಲ ಕಣೋ. ಎಲ್ಲಾ ಎದ್ದು ನಿಂತಿದ್ರು. ಆಟದ ಮಧ್ಯೆ ಕೈ ತೆಗೆದ್ರೆ ನಿಮ್ಮ ಯಂತ್ರ ಏನಂತ ತಿಳ್ಕೊಳ್ಳತ್ತೆ?"

ಯಾಸೆನ್ ಮೊದಲ ಸಲ ತಿರುಗಿ ಅವಳ ಮುಖ ನೋಡಿದ. ಕಳೆದ ತಿಂಗಳು ಪಾಲುದಾರರು ಹೊಸ ನಿಯಮವೊಂದನ್ನು ಕಳಿಸಿದ್ದರು. ಆಟದ ನಡುವೆ ಒಂದು ನಿಮಿಷ ಕೈಯಾಡಿಸದವನು ಆಟ ಬಿಟ್ಟು ಓಡಿದವನು. ಅವನ ಹೆಸರಿಗೆ ಏಳು ದಿನ ಗುರುತು ಬೀಳುತ್ತದೆ, ಅವನಿಗೆ ತಿಳಿಸುವುದಿಲ್ಲ. ಒಂದು ಆಟದಲ್ಲಿ ಅಂಥವನು ಒಬ್ಬನೇ ಇರಬೇಕು, ಉಳಿದ ಏಳು ಜನ ಗುರುತಿಲ್ಲದವರಾಗಿರಬೇಕು. ದಿನಕ್ಕೆ ಹತ್ತು ಹದಿನೈದು ಹೆಸರು ಬೀಳುವ ಪಟ್ಟಿ ಅದು. ತೆರೆದು ನೋಡಬೇಕೆಂದು ಯಾರಿಗೂ ಹೊಳೆದಿರಲಿಲ್ಲ.

ಯಾಸೆನ್ ಪಟ್ಟಿ ತೆರೆದ. ಮಂಗಳವಾರ, ಹನ್ನೆರಡು ಗಂಟೆ ಒಂದು ನಿಮಿಷ. ಹೆಸರುಗಳು ಬರುತ್ತಲೇ ಇದ್ದವು. ಸಾವಿರದ ನೂರ ನಲವತ್ತಾರು.

"ಹನ್ನೊಂದೂವರೆಯಿಂದ ಹನ್ನೆರಡೂವರೆವರೆಗೆ ಎರಡು ಪಟ್ಟು ಅಂಕ ಅಂತ ಇಟ್ಟಿದ್ವಿ," ಎಂದ ರುಮೆನ್, ಅಷ್ಟರಲ್ಲಿ ಹಿಂದೆ ಬಂದು ನಿಂತಿದ್ದವನು. "ದಿನಾ ಆಡೋರೆಲ್ಲ ಆ ಹೊತ್ತಿಗೆ ಒಳಗಿದ್ರು. ನಾನೇ ಇಟ್ಟಿದ್ದು." ಅವನು ಮೇಜಿನ ಅಂಚು ಹಿಡಿದುಕೊಂಡ. "ಜೂನ್ ಎರಡು ಅಂತ ಗೊತ್ತಿದ್ದೂ."

ಈಚೆ ದಡದ ಆಟಗಾರರಲ್ಲಿ ಗುರುತಿಲ್ಲದವರು ಬೆರಳೆಣಿಕೆಯಷ್ಟು. ಆಚೆ ದಡದವರ ಒಂದೊಂದು ಆಟದಲ್ಲೂ ಗುರುತಿನವನೊಬ್ಬನಿಗೆ ಮಾತ್ರ ಜಾಗ. ಉಳಿದ ಒಬ್ಬೊಬ್ಬನಿಗೂ ಗುರುತಿಲ್ಲದ ಏಳು ಜನ ಎಲ್ಲಿಂದ ಸಿಗಬೇಕು? ಯಂತ್ರ ಹುಡುಕುತ್ತಲೇ ಇತ್ತು, ಪಾಪ.

ಎಷ್ಟೋ ಸಲ ಪ್ರಯತ್ನಿಸಿದ ಮೇಲೆ, ನಾಲ್ಕು ಗಂಟೆಗೆ ರುಮೆನ್‌ಗೆ ಪಾಲುದಾರ ಕಂಪನಿಯವನು ಫೋನಿನಲ್ಲಿ ಸಿಕ್ಕ. ಗುರುತುಗಳನ್ನು ಒಟ್ಟಿಗೆ ಅಳಿಸುವ ಅಧಿಕಾರ ಅವರ ಕೈಯಲ್ಲಿತ್ತು. ಪರಭಾಷೆಯಲ್ಲಿ ನಡೆದ ಮಾತು ದೋನ್ಕಾಳಿಗೆ ಅರ್ಥವಾಗಲಿಲ್ಲ, ದನಿ ಅರ್ಥವಾಯಿತು. ರುಮೆನ್ ಹೇಳಿದ್ದನ್ನೇ ಮೂರು ಸಲ ಹೇಳಿದ. ಎದ್ದು ತೋರಿಸಿದ ಕೂಡ, ಫೋನಿನಲ್ಲಿ ಕಾಣುವುದಿಲ್ಲ ಎಂಬುದನ್ನು ಮರೆತು.

"ನಂಬ್ತಿಲ್ಲ," ಎಂದ, ಫೋನಿಗೆ ಕೈ ಅಡ್ಡ ಹಿಡಿದು. "ಸಾವಿರ ಜನ ಒಂದೇ ನಿಮಿಷದಲ್ಲಿ ಕೈ ತೆಗೆದ್ರು ಅಂದ್ರೆ ಕರೆಂಟ್ ಹೋಗಿರ್ಬೇಕು, ಇಲ್ಲಾ ನಿಮ್ಮ ಯಂತ್ರ ಕೆಟ್ಟಿರ್ಬೇಕು ಅಂತಾನೆ. ಕಥೆ ಬೇಡ, ಐದರವರೆಗೆ ಲೈನಲ್ಲೇ ಇರ್ತೀನಿ, ಯಂತ್ರ ಆಟ ಕೂರಿಸೋದನ್ನ ತೋರ್ಸಿ ಅಂತಾನೆ."

ಗೋಡೆಯ ಗಡಿಯಾರದಲ್ಲಿ ನಾಲ್ಕೂ ಹದಿನೆಂಟು.

"ನಮ್ಮ ಕೈಲಿ ಎಷ್ಟು ಅಳಿಸ್ಬಹುದು?" ದೋನ್ಕಾ ಕೇಳಿದಳು.

"ತಪ್ಪಿ ಬಿದ್ದಿದ್ದಕ್ಕೆ ಅಂತ ದಿನಕ್ಕೆ ಎಂಟು," ಎಂದ ಯಾಸೆನ್. ಹೇಳಿ ದೋನ್ಕಾಳ ಕಡೆ ತಿರುಗಿದ. "ಒಂದು ಆಟಕ್ಕೂ ಎಂಟೇ," ಎಂದ ಮತ್ತೆ. "ಆದ್ರೆ ಎಂಟೂ ಜನ ಸಮಬಲದವ್ರು ಆಗಿರ್ಬೇಕು, ಒಂದೇ ಹೊತ್ತಿಗೆ ಕೂತಿರ್ಬೇಕು. ಎಲ್ಲಾ ಬೇಸತ್ತು ಎದ್ದು ಹೋಗಿದಾರೆ."

"ಸ್ತಾಮೆನಣ್ಣನ ಮಂಗಳವಾರದ ಆಟದಲ್ಲಿ ಯಾರ್ಯಾರಿದ್ರು ಅಂತ ನೋಡು. ಸಮ ಅಂತ ಯಂತ್ರಾನೇ ಕೂರಿಸಿತ್ತಲ್ಲ. ಹೆಸರು, ನಂಬರು ಕೊಡು. ನಾನು ಕೂಡಿಸ್ತೀನಿ."

ಸ್ತಾಮೆನ್ ಲೈನಿನಲ್ಲೇ ಇದ್ದ, ರೇಗುತ್ತ. "ಎರಡು ಗಂಟೆ ಆಯ್ತು ದೋನ್ಕಾ, ನಾನೇನು ನಿಮ್ಮ ಮನೆ ಅಳಿಯನಾ ಕಾಯೋಕೆ?"

"ಇವತ್ತೊಂದಿನ ಅಳಿಯನೇ ಅಂದ್ಕೊಳ್ಳಿ. ನಿಮ್ಮ ರೊಮೇನಿಯಾದೋನನ್ನ ಎಳ್ಕೊಂಡ್ಬರ್ಬೇಕು. ನಾಲ್ಕೂ ಮುಕ್ಕಾಲಿಗೆ."

"ಆ ಹಲ್ಲು ಕಿರಿಯೋನನ್ನಾ?"

"ಅವನನ್ನೇ."

ಉಳಿದವರು ಆರು ಜನ. ದೋನ್ಕಾ ಒಬ್ಬೊಬ್ಬರಿಗೇ ಫೋನು ಮಾಡಿದಳು. ದನಿ ನಡುಗಲಿಲ್ಲ; ಅದಕ್ಕೆ ಹದಿನೆಂಟು ವರ್ಷದ ಅಭ್ಯಾಸವಿತ್ತು. ಪ್ಲೆವೆನ್ನಿನ ದರ್ಜಿ ಕತ್ತರಿ ಕೆಳಗಿಟ್ಟು ಕೂತ. ವಿದಿನ್ನಿನ ಅಣ್ಣ ತಮ್ಮ ಇಬ್ಬರೂ ಇದ್ದರು. ಬೆರ್ಕೊವಿತ್ಸಾದ ಮೇಷ್ಟ್ರೊಬ್ಬರು, "ಮತ್ತೆ ಚಕ್ರ ನೋಡೋಕಾ?" ಎಂದು ಹಂಗಿಸಿ ಒಪ್ಪಿದರು. ಬೊತೆವ್‌ಗ್ರಾದ್‌ನವನು ದಾರಿ ಬದಿ ಲಾರಿ ನಿಲ್ಲಿಸಿ ಫೋನಿನಲ್ಲೇ ಆಟ ತೆರೆದ. ಕೊನೆಗೆ ಉಳಿದವಳು ಲೋಮ್ ಆಸ್ಪತ್ರೆಯ ನರ್ಸ್ ಇಸ್ಕ್ರಾ. ಫೋನು ಎತ್ತಲಿಲ್ಲ. ನಾಲ್ಕೂ ಮೂವತ್ತಾರು. ಮತ್ತೆ ಮತ್ತೆ ಮಾಡಿದಳು. ನಲವತ್ತೊಂದು. ದೇವರೇ, ಅವಳ ಕೈ ಬಿಡುವಾಗಲಿ ಎಂದುಕೊಂಡಳು. ರೋಗಿಯ ಕಡೆಯಿಂದ ಅವಳನ್ನು ಎಳೆಯಬೇಕೆಂಬ ಆಸೆ ತಪ್ಪಲ್ಲವೇ ಎಂದೂ ಅನಿಸಿತು.

ನಲವತ್ನಾಲ್ಕಕ್ಕೆ ಇಸ್ಕ್ರಾ ತಾನೇ ಫೋನು ಮಾಡಿದಳು. "ಏನಮ್ಮ, ಆರು ಸಲ? ಬ್ಯಾಂಡೇಜ್ ಕಟ್ತಾ ಇದ್ದೆ."

"ನಿನ್ಹತ್ರ ಹತ್ತು ನಿಮಿಷ ಇದೆಯಾ ಮಗಳೇ?"

"ಚಹಾದ ಹೊತ್ತು. ಹದಿನೈದಿದೆ."

ಯಾಸೆನ್ ಏಳು ಗುರುತು ಅಳಿಸಿದ. ರೊಮೇನಿಯಾದವನಿಗೆ ಅಳಿಸಲು ಏನೂ ಇರಲಿಲ್ಲ. ಅವನು ಬಂದನೋ ಇಲ್ಲವೋ ಅದೂ ಗೊತ್ತಿರಲಿಲ್ಲ. ರುಮೆನ್ ಫೋನನ್ನು ಮೇಜಿನ ಮೇಲಿಟ್ಟು ದನಿ ಜೋರು ಮಾಡಿದ. ದೂರದ ಊರಿನಲ್ಲಿ ಕುಳಿತವನೂ ಅದೇ ಸರತಿಯನ್ನು ನೋಡುತ್ತಿದ್ದ.

ನಾಲ್ಕೂ ನಲವತ್ತೇಳು. ಒಂದು ಹೆಸರು, ಮೂರು, ಆರು, ಏಳು. ಚಕ್ರ ಸುತ್ತಿತು. ಎಂಟನೆಯ ಹೆಸರು ಬಿತ್ತು. ಒಂಬತ್ತು ಸೆಕೆಂಡು. ಪರದೆಯ ಮೇಲೆ ನದಿ ತೆರೆದುಕೊಂಡಿತು.

ಮೇಜಿನ ಮೇಲಿನ ಫೋನಿನಿಂದ ಒಂದು ಪ್ರಶ್ನೆ ಬಂತು. ರುಮೆನ್ ಉತ್ತರಿಸಿದ. ಇನ್ನೊಂದು ಪ್ರಶ್ನೆ. ರುಮೆನ್ ದೋನ್ಕಾಳ ಕಡೆ ತಿರುಗಿದ.

"ಯಂತ್ರ ಕೆಟ್ಟಿಲ್ಲ ಅಂತ ಒಪ್ಕೊಂಡ. ಆ ನಿಮಿಷದ ಗುರುತೆಲ್ಲ ಅಳಿಸ್ತಾನಂತೆ. ನಮೂನೆಯಲ್ಲಿ ಕಾರಣ ತುಂಬ್ಬೇಕಂತೆ. ಏನಂತ ಬರೀಲಿ ಅಂತ ಕೇಳ್ತಿದಾನೆ."

"ಯಾರೂ ಓಡಿಹೋಗಿರ್ಲಿಲ್ಲ, ನಿಂತಿದ್ರು ಅಂತ ಬರೀಲಿ," ಎಂದಳು ದೋನ್ಕಾ.

ರುಮೆನ್‌ಗೆ ಅದನ್ನು ಆ ಭಾಷೆಗೆ ತಿರುಗಿಸಲು ಸ್ವಲ್ಪ ಹೊತ್ತು ಹಿಡಿಯಿತು. ನಾಲ್ಕೂ ಐವತ್ತೈದಕ್ಕೆ ಕಾಯುವ ಸಮಯ ಹತ್ತು ನಿಮಿಷಕ್ಕೆ ಇಳಿಯಿತು, ಐವತ್ತೇಳಕ್ಕೆ ನಾಲ್ಕು. ಐದಕ್ಕೆ ಒಂದು ನಿಮಿಷವಿದ್ದಾಗ ಒಂದೂ ಕಾಲು. ಆ ಕಡೆಯವನು ಸರಿ ಎಂದು ಒಂದೇ ಮಾತು ಹೇಳಿ ಫೋನಿಟ್ಟ.

ಯಾಸೆನ್ ಮುಖ ಮುಚ್ಚಿಕೊಂಡು ಕೂತಿದ್ದ. ದೋನ್ಕಾ ಮುಟ್ಟದೇ ಉಳಿದಿದ್ದ ತನ್ನ ಊಟದ ಡಬ್ಬಿಯನ್ನು ಅವನ ಮುಂದೆ ತಳ್ಳಿದಳು. ರಟ್ಟಿನ ಪೆಟ್ಟಿಗೆಯಿಂದ ಗಿಡ ತೆಗೆದು ಕಿಟಕಿಯ ಮೇಲಿಟ್ಟಳು. ತನ್ನ ಜಾಗಕ್ಕೆ ಬಂದು ಹೆಡ್‌ಫೋನು ಹಾಕಿಕೊಂಡಳು.

"ಸ್ತಾಮೆನಣ್ಣ, ಇದೀರಾ?"

"ಸುಮ್ನಿರಿ ದೋನ್ಕಾ. ಅವನು ನನ್ನ ಮೇಲೇ ಗುಂಡು ಹಾರಿಸ್ತಿದಾನೆ."

ಎಕ್ಸ್‌ಚೇಂಜಿನಲ್ಲಿ ಒಂದು ನಿಯಮವಿತ್ತು. ಎರಡೂ ಕಡೆಯವರು ಮಾತಿಗೆ ಕೂತರೆಂದು ಖಾತ್ರಿಯಾದೊಡನೆ ಕೂಡಿಸಿದವಳು ಲೈನಿನಿಂದ ಹಿಂದೆ ಸರಿಯಬೇಕು. ದೋನ್ಕಾ ಇನ್ನೊಂದು ಗಳಿಗೆ ಕಿವಿಗೊಟ್ಟಳು. ಆಮೇಲೆ ಗುಂಡಿ ಒತ್ತಿ ಹಿಂದೆ ಸರಿದಳು.