ಸುಂದರವ್ವನ ಬಲಗೈ

ನಮ್ಮೂರು ಮಸೂತಿಯಲ್ಲಿ ಸುಂದರವ್ವನಂತೆ ರೊಟ್ಟಿ ಬಡಿಯುವವರು ಇನ್ನೊಬ್ಬರಿರಲಿಲ್ಲ. ಸ್ವಂತ ನೆಗೆಣ್ಣಿಯೆಂದು ಹೊಗಳುತ್ತಿದ್ದೇನೆ ಅಂದುಕೊಳ್ಳಬೇಡಿ, ನೆಗೆಣ್ಣಿಯನ್ನು ಹೊಗಳುವ ಚಟ ನನಗಿಲ್ಲ. ಅವಳು ಹಿರಿಸೊಸೆ, ನಾನು ಕಿರಿಸೊಸೆ, ಒಂದೇ ಒಲೆಯ ಮುಂದೆ ವರ್ಷಗಟ್ಟಲೆ ಜಗಳಾಡಿದವರು. ಯಾರ ಮನೆಯಲ್ಲಿ ಮದುವೆಯಿದ್ದರೂ ಅವಳಿಗೆ ಕರೆ ಬರುತ್ತಿತ್ತು. ಹೆಂಗಸರನ್ನೆಲ್ಲ ಸಾಲಾಗಿ ಕೂರಿಸಿಕೊಂಡು ತೆಳ್ಳನೆಯ ಜೋಳದ ರೊಟ್ಟಿಗಳನ್ನು ಗುಡ್ಡೆ ಹಾಕಿ ಬರುತ್ತಿದ್ದಳು. ಕೂಲಿಯ ಮಾತೇ ಇಲ್ಲ. ಉಡಿಯಲ್ಲಿ ಅಷ್ಟು ಜೋಳ, ಒಂದು ಕುಬಸದ ಖಣ, ಮುಗಿಯಿತು. ಯಾರಾದರೂ ರೊಕ್ಕ ಮುಂದೆ ಹಿಡಿದರೆ ಆ ಮನೆಯ ಹೊಸ್ತಿಲನ್ನು ಮತ್ತೆ ತುಳಿಯುತ್ತಿರಲಿಲ್ಲ.

ಎಪ್ಪತ್ನಾಲ್ಕರಲ್ಲಿ ಕೊಲ್ಹಾರದ ಒಂದು ಮದುವೆಗೆ ನಾವಿಬ್ಬರೂ ಚಕ್ಕಡಿಯಲ್ಲಿ ಹೋಗುವಾಗ ಹಿಂದಿನಿಂದ ಲಾರಿ ಬಂದು ಗುದ್ದಿತು. ನನ್ನ ಮಂಡಿ ತರಚಿತು, ಅಷ್ಟೇ. ಸುಂದರವ್ವನ ಬಲಗೈ ಗಾಲಿಯ ಕೆಳಗೆ ಸಿಕ್ಕಿತು. ಎಲುಬೇನೋ ಕೂಡಿತು, ಬೆರಳು ಮಾತ್ರ ಮಡಚಿಕೊಂಡೇ ಉಳಿದವು. ಮಿರಜದಲ್ಲಿ ಆಪರೇಶನ್ ಮಾಡಿಸಿದರೆ ಬಿಚ್ಚಬಹುದು ಎಂದರು ವಿಜಾಪುರದ ಡಾಕ್ಟರು. ಅದಕ್ಕೆ ಬೇಕಾದ ಹಣ ನಮ್ಮಲ್ಲಿರಲಿಲ್ಲ. ಲಾರಿಯ ವಿಮಾ ಕಂಪನಿಯಿಂದ ಪರಿಹಾರ ಬಂದರೆ ಆ ಕೈ ಉಂಟು, ಇಲ್ಲವಾದರೆ ಇಲ್ಲ.

ವಿಜಾಪುರದ ವಕೀಲ ಶಂಕರೆಪ್ಪನವರು ಕೇಸು ಹಾಕಿದರು. ಕೋರ್ಟಿನ ದಿನ ಪಾಠವನ್ನೂ ಹೇಳಿಕೊಟ್ಟರು.

"ಯವ್ವಾ, ಜಡ್ಜ್ ಸಾಹೇಬ್ರು ನಿನ್ನ ಗಳಿಕಿ ಎಷ್ಟಂತ ಕೇಳ್ತಾರ. ರೊಟ್ಟಿ ಬಡದು ದಿನಕ್ಕ ನಾಕ ರೂಪಾಯಿ ಗಳಸ್ತಿದ್ನಿರಿ ಅನ್ನು. ಗಳಿಕಿ ಇದ್ರನ ಪರಿಹಾರ."

ಸುಂದರವ್ವ ತಲೆಯಾಡಿಸಿದಳು. ಅವಳು ತಲೆಯಾಡಿಸಿದ್ದನ್ನು ನಂಬಬಾರದೆಂದು ನನಗೆ ಗೊತ್ತಿತ್ತು.

ಕಟಕಟೆಯಲ್ಲಿ ಆದದ್ದೂ ಅದೇ. "ಮಾರಾಕ ರೊಟ್ಟಿ ಬಡೀತಿದ್ದಿಲ್ರಿ ನಾ. ಮದುವಿ ಮನ್ಯಾಗ ಯಾರರ ಕೂಲಿ ತಗೋತಾರೇನ್ರಿ?" ಎಂದು ಜಡ್ಜರನ್ನೇ ಕೇಳಿಬಿಟ್ಟಳು.

ಕಂಪನಿಯ ವಕೀಲನ ಮುಖ ಅರಳಿತು. ಗಳಿಕೆಯೇ ಇಲ್ಲದವಳಿಗೆ ನಷ್ಟ ಎಲ್ಲಿಂದ ಬಂತು, ನೋವು ತಿಂದದ್ದಕ್ಕೆ ಏನೋ ಒಂದಿಷ್ಟು ಕೊಟ್ಟರೆ ಸಾಕು ಎಂದ. ನನಗೆ ಮೈಯೆಲ್ಲ ಉರಿಯಿತು. ಕೈ ಹೋದರೂ ಚಿಂತೆಯಿಲ್ಲ, ಮಾನ ಇರಲಿ ಎನ್ನುವ ಇಂಥ ಹೆಂಗಸನ್ನು ಕಟ್ಟಿಕೊಂಡು ಏನು ಮಾಡುವುದು!

ಜಡ್ಜರು ಮೈಸೂರು ಕಡೆಯವರು, ಮೆಲುದನಿಯ ಮನುಷ್ಯ. "ಈಗ ನಿಮ್ಮ ಮನೇಲಿ ರೊಟ್ಟಿ ಯಾರು ಮಾಡ್ತಾರಮ್ಮ?" ಎಂದು ಕೇಳಿದರು.

"ನನ್ನ ನೆಗ್ಯಾಣಿ ಬಡೀತಾಳ್ರಿ."

"ಮತ್ತೆ ನೀವು?"

ಸುಂದರವ್ವ ತನ್ನ ಮಡಚಿದ ಬೆರಳುಗಳನ್ನು ನೋಡಿಕೊಂಡಳು. "ನಾ ಕುಂತು ಉಣ್ತೇನ್ರಿ," ಎಂದವಳೇ ಸೆರಗನ್ನು ಬಾಯಿಗೆ ಒತ್ತಿಕೊಂಡಳು. ಕೈ ಮುರಿದ ದಿನವೂ ಅವಳು ಹಾಗೆ ಅತ್ತಿರಲಿಲ್ಲ.

ಕೆಲವು ವಾರಗಳಲ್ಲಿ ತೀರ್ಪು ಬಂತು. ಕೂಲಿ ತೆಗೆದುಕೊಳ್ಳಲಿಲ್ಲ ಎಂದಾಕ್ಷಣ ಕೆಲಸಕ್ಕೆ ಬೆಲೆಯಿಲ್ಲ ಎಂದಲ್ಲ, ಇವಳು ಮಾಡುತ್ತಿದ್ದ ಕೆಲಸವನ್ನು ಇನ್ನೊಬ್ಬಳಿಂದ ಮಾಡಿಸಿದರೆ ಏನು ಕೊಡಬೇಕಾಗುತ್ತದೋ ಅದೇ ಇವಳ ನಷ್ಟ, ಅದನ್ನು ಕಂಪನಿ ತುಂಬಿಕೊಡಬೇಕು ಎಂದು ಜಡ್ಜರು ಬರೆದಿದ್ದರು. ಶಂಕರೆಪ್ಪನವರು ನಮಗೆ ಬಿಡಿಸಿ ಹೇಳಿದರು. ಸುಂದರವ್ವ ಒಂದು ಮಾತನ್ನೂ ಬಿಡದೆ ಕೇಳಿಸಿಕೊಂಡಳು. ಅದೇ ಎಡವಟ್ಟಾಯಿತು.

ಹಣ ಕೈಗೆ ಬಂದ ಸಂಜೆ ನಾನು ರೊಟ್ಟಿ ಬೇಯಿಸುತ್ತಿದ್ದೆ. ಅವಳು ಬಂದು, ಮಡಚಿದ ಬಲಗೈಯನ್ನು ಎಡಗೈಗೆ ತಾಗಿಸಿಕೊಂಡು, ನೋಟಿನ ಗಂಟನ್ನು ನನ್ನ ಉಡಿಗೆ ಹಾಕಿದಳು.

"ಇದು ನಿಂದು, ತಂಗಿ. ನನ್ನ ಬದಲಿ ರೊಟ್ಟಿ ಬಡದಾಕಿಗೆ ಕೊಡೂ ರೊಕ್ಕ ಅಂತ ಸಾಹೇಬ್ರು ಬರದಾರ. ಬಡದಾಕಿ ನೀನು."

"ಮತ್ತ ಮಿರಜ, ಯಕ್ಕಾ?"

"ನಂದು ಹೆಂಗರ ನಡೀತೈತಿ."

ಇವಳಿಗಾದರೆ ಕೂಲಿ ಅವಮಾನ, ನನಗಾದರೆ ಸನ್ಮಾನವೇ? ಹಂಚಿನ ಮೇಲೆ ರೊಟ್ಟಿ ಸೀದುಹೋಯಿತು. ಬೈಯಲು ಬಾಯಿ ತೆರೆದರೆ ಅಳು ಬಂತು. ಇಷ್ಟು ದಿನ ನನ್ನ ಕೈಯ ರೊಟ್ಟಿಯನ್ನು ಇವಳು ಸಾಲವೆಂದುಕೊಂಡೇ ನುಂಗುತ್ತಿದ್ದಳಲ್ಲ! ಕಣ್ಣೊರೆಸಿಕೊಂಡು ಗಂಟನ್ನು ಸೊಂಟಕ್ಕೆ ಸಿಕ್ಕಿಸಿಕೊಂಡೆ.

"ನಂದಂದ್ರ ನಂದು. ಮನಸಿಗೆ ಬಂದಾಂಗ ಖರ್ಚ ಮಾಡ್ತೇನಿ," ಎಂದೆ. "ಏಳು, ಸೀರಿ ಗಂಟ ಕಟ್ಟು. ನಾಳೆ ಮುಂಜಾನೆ ಮಿರಜಕ್ಕ ಹೋಗೂಣು."